ಏಳನೆಯ ಟ್ರ್ಯಾಕ್

ರೂವಿಯಲ್ಲಿ ರಾತ್ರಿ ಹನ್ನೊಂದು.
ಡ್ರೈವು ಬಾಯ್ದೆರೆದು ಸೀಡಿ ನುಂಗಿತು,
ಗುರ್ರೆಂದು ತಿರುಗಿಸಿ, ಎಲ್ಲಿಯದೋ ಪಟ್ಟಿ ಜಾಲಾಡಿ
ಹೆಸರು ಹೇಳಿತು:
ಪೋಲೆಂಡಿನ ಕ್ರಿಸ್‌ಮಸ್ ಗೀತೆಗಳು, ಒಟ್ಟು ಒಂಬತ್ತು.

ಉದ್ದ ಅಳೆದು ಊರು ಹೇಳುವ ಜೋಯಿಸ!
ನಿಮಿಷ, ಸೆಕೆಂಡು ತಾಳೆಯಾದರೆ
ಜಾತಕ ಕೂಡಿಯೇಬಿಟ್ಟಿತು ಅದಕ್ಕೆ.

ಇದು ಎರಡು ಸಾವಿರದ ಎರಡು, ಒಂದು ಶುಕ್ರವಾರ,
ಫ್ರಿಜ್ಜು ರಿಪೇರಿ ಅಂಗಡಿಯ ಮಾಳಿಗೆಯಲ್ಲಿ ತಾಳಮದ್ದಳೆ.
ಚೆಂಡೆಯ ಬದಲು ನಿಡೋ ಡಬ್ಬ.
ರಥಿಕ, ದೂಮಣ್ಣ ಮೇಸ್ತ್ರಿ;
ಸಾರಥಿ, ದರ್ಜಿ ಹಸನಬ್ಬ.

ಏಳನೆಯದರಲ್ಲಿ ಗೀರು.
ಸಾಫ್ಟ್‌ವೇರು ಹಿಂದೆ ಸರಿದು ಮತ್ತೆ ಓದುತ್ತದೆ,
ಮತ್ತೆ, ಹದಿನಾರನೆಯ ಸಲ,
ಗಾಲಿ ಹೂತ ಹಾಗೆ, ಅಲ್ಲೇ.
ಆಮೇಲೆ ಒಂದು ಕೆಮ್ಮು, ಚೊಕ್ಕವಾಗಿ,
"ಇಗೋ, ಇಳಿದೆ ರಥದಿಂದ!"
ಆ ವರ್ಷವೇ ವೀಸಾ ಮುಗಿದು
ಇಳಿದೇ ಹೋದ.

ಪ್ರಕಾರ? ಕೇಳುತ್ತದೆ.
ಪೋಲ್ಕಾ ಇದೆ, ಜಾಝ್ ಇದೆ, ನಮ್ಮದಿಲ್ಲ.
'ಇತರೆ' ಒತ್ತಿದೆ.
ಕಲಾವಿದರು? ಬೆರಳು ತಡೆಯಿತು, ಆಮೇಲೆ ಓಡಿತು:
ದೂಮಣ್ಣ, ಹಸನಬ್ಬ, ಡಬ್ಬ ಬಡಿದ ನಾನು,
ಒಂಬತ್ತರಲ್ಲೂ ಒಂದೇ ಶ್ರುತಿ ಹಿಡಿದ
ಕಿಟಕಿಯ ಹಳೇ ಏಸಿ.

ಪಟ್ಟಿಗೂ ಕಳಿಸಿಬಿಟ್ಟೆ.
ಡಿಸೆಂಬರಿನಲ್ಲಿ ಯಾವನೋ ಪೋಲೆಂಡಿನವ
ಹಬ್ಬದ ಸೀಡಿ ತುರುಕಿ ಕೂತರೆ
ತೆರೆಯ ಮೇಲೆ ಮೂಡಲಿ:
ಸಾರಥಿ, ಹಸನಬ್ಬ, ರೂವಿ.