ದಾಸ್ತಾನು ಪುಸ್ತಕ

ಬೈತಖೋಲ ಬಂದರಿನಲ್ಲಿ ಮುಚ್ಚಿದ ಐಸ್ ಫ್ಯಾಕ್ಟರಿ ಇದೆಯಲ್ಲ,
ಅದೇ ನಮ್ಮ ಅಸಾಧ್ಯ ಭೌತಶಾಸ್ತ್ರ ಅಕಾಡೆಮಿ.
ಗೋಡೆಗಳಲ್ಲಿ ಇನ್ನೂ ಅಮೋನಿಯಾ ವಾಸನೆ.
ಬೋರ್ಡಿನ ಮೊದಲಕ್ಷರ ಉಪ್ಪುಗಾಳಿಗೆ ಉದುರಿ
ಬರೀ 'ಸಾಧ್ಯ' ಉಳಿಯುತ್ತದೆ ಪ್ರತಿ ಮಳೆಗಾಲ.
'ಬಣ್ಣ ಹಚ್ಚು, ಮಾನ ಹೋಗುತ್ತದೆ' ಅನ್ನುತ್ತಾರೆ ಪ್ರಾಚಾರ್ಯರು.
ಹಚ್ಚುತ್ತೇನೆ.

ನಾನು ಸ್ಟೋರ್ ಕೀಪರ್, ಹದಿನಾಲ್ಕು ವರ್ಷದಿಂದ.
ಕರಗದ ಮಂಜುಗಡ್ಡೆ, ಒಂದು:
ಕರಗಿದೆ, ಹೆಸರು ತೆಗೆದಿಲ್ಲ.
ನೆರಳು ತೂಗುವ ತಕ್ಕಡಿ, ಒಂದು:
ಪ್ರಾಚಾರ್ಯ ರಾಯ್ಕರರ ಅಜ್ಜನ ಚಿನ್ನದಂಗಡಿಯದು,
ಗುಲಗಂಜಿ ಸಮೇತ.
ಜುಜೆಯ ನೆರಳು ಬೆಳಿಗ್ಗೆ ಎರಡು ಗುಲಗಂಜಿ ತೂಗಿತು,
ಊಟವಾದ ಮೇಲೆ ಮೂರು.
'ತಿಂದ ಬಂಗಡೆ ನೆರಳಿಗೂ ಇಳಿದಿದೆ' ಎಂದು ಕುಣಿದ.
ಕಿಟಕಿ ಹಾಕಿರಲಿಲ್ಲ. ಗಾಳಿ.

ಆಗಿಹೋದದ್ದನ್ನು ಇಲ್ಲಿ ಇಟ್ಟುಕೊಳ್ಳುವಂತಿಲ್ಲ.
ಮಾಜಾಳಿಯ ಹುಡುಗಿಯೊಬ್ಬಳು ಗಾಳಿ ಹಿಂಡಿ
ಲೋಟದಷ್ಟು ನೀರು ತೆಗೆದಳು.
ರಾಯ್ಕರರು ಬೆನ್ನು ತಟ್ಟಿದರು, ಟಿ.ಸಿ. ಬರೆದರು,
ಪಾಲಿಟೆಕ್ನಿಕ್ಕಿಗೆ ಕಳಿಸಿದರು.
ಗೇಟಿನವರೆಗೂ ಅತ್ತುಕೊಂಡು ಹೋದಳು ಪಾಪ,
ಲೋಟ ಹಿಡಿದುಕೊಂಡೇ.

'ನದಿ ಹಿಂದಕ್ಕೆ ಹರಿದರೆ ಏನಾದೀತು?' ವಾರ್ಷಿಕ ಪರೀಕ್ಷೆ, ಹತ್ತು ಅಂಕ.
'ದಿನಕ್ಕೆರಡು ಸಲ ಹರಿಯುತ್ತದೆ ಸಾರ್,
ಭರತದ ಹೊತ್ತಿಗೆ ಕೋಡಿಬಾಗದಲ್ಲಿ ನಿಂತು ಕಾಳಿಯನ್ನು ನೋಡಿ'
ಎಂದು ಬರೆದವನಿಗೆ ಸೊನ್ನೆ.

ಮೋಹಿನಿ ತಾಂಡೇಲ ಬಂದದ್ದು ಒಂದು ಸೋಮವಾರ,
ಮೀನಬುಟ್ಟಿ ಹೊರಗಿಟ್ಟು, ನಲ್ಲಿಯಲ್ಲಿ ಕಾಲು ತೊಳೆದು.
'ಆಗದ್ದನ್ನ ಕಲಿಸ್ತಾರಂತೆ ಇಲ್ಲಿ. ಒಂದು ಲೆಕ್ಕ ಕೇಳಬೇಕಿತ್ತು ಮಾಸ್ತರ್ರೇ.'
ಗಂಡನ ದೋಣಿ ಕೂರ್ಮಗಡದಾಚೆ ಮಗುಚಿದಾಗ
ಅವನು ಕೂಗಿರಬೇಕು. ಕೂಗುವವನೇ ಅವನು,
ಚಹಾಕ್ಕೆ ಸಕ್ಕರೆ ಕಡಿಮೆಯಾದರೆ ಓಣಿಗೆಲ್ಲ ಗೊತ್ತಾಗುತ್ತಿತ್ತು.
ಆ ಕೂಗು ಈಗ ಎಲ್ಲಿಗೆ ಬಂದಿರಬಹುದು?
ಹತ್ತೊಂಬತ್ತು ವರ್ಷ.
ದಾರಿ ಅಷ್ಟೇನೂ ದೂರವಿಲ್ಲ.

ಯಾರೂ ನಗಲಿಲ್ಲ.
ರಾಯ್ಕರರು ಸೀಮೆಸುಣ್ಣ ತಗೊಂಡರು.
ಐದು ಕಿಲೋಮೀಟರು. ಸೆಕೆಂಡಿಗೆ ಮುನ್ನೂರ ನಲವತ್ತು ಮೀಟರು.
ಭಾಗಿಸಿದರು. ಒರೆಸಿದರು. ಮತ್ತೆ ಭಾಗಿಸಿದರು.
'ಹದಿನೈದು ಸೆಕೆಂಡಿಗೆ ದಡ ಮುಟ್ಟಿದೆ, ತಾಯಿ.'

ಅವಳು ಕರಿಹಲಗೆಯನ್ನೇ ನೋಡಿದಳು, ಓದಲು ಬಾರದವಳು.
'ಅವತ್ತು ರವಿವಾರ. ನಾನು ಸಂತೆಯಲ್ಲಿದ್ದೆ.
ಎರಡು ರೂಪಾಯಿಗೆ ಯಾರ ಜೊತೆಗೋ ಜಗಳ.
ಅಂದರೆ ಬಂದಿತ್ತು. ನಾನೇ ಇರಲಿಲ್ಲ.'

ಹೊರಗೆ ಟ್ರಾಲರ್ ಒಂದು ಇಂಜಿನ್ ಆರಿಸಿತು.

'ಮನೆಯಲ್ಲಿ ಯಾರೂ ಇಲ್ಲದಿದ್ದರೆ
ಪೋಸ್ಟಿನವನು ಮರುದಿನ ಬರುವುದಿಲ್ಲವಾ?'
'ಶಬ್ದಕ್ಕೆ ಆ ನಿಯಮ ಇಲ್ಲ.'
'ಹಾಗಾದರೆ ನೀವು ಇರೋದು ಯಾಕೆ?'

ಇಷ್ಟು ವರ್ಷದಲ್ಲಿ ಯಾವ ಇನ್ಸ್‌ಪೆಕ್ಟರೂ ಕೇಳದ ಪ್ರಶ್ನೆ.
ರಾಯ್ಕರರು ಕನ್ನಡಕ ತೆಗೆದು ಅಂಗಿಯ ತುದಿಗೆ ಒರೆಸಿಯೇ ಒರೆಸಿದರು.

ಈಗ ಡಬ್ಬಿ ತಗಡಿನ ದೊಡ್ಡದೊಂದು ಆಳಿಕೆ
ಅಲೆತಡೆಯ ಕೊನೆಯ ಕಲ್ಲಿಗೆ ಕಟ್ಟಿದೆ, ಬಾಯಿ ಪಡುವಣಕ್ಕೆ.
ಸೋಮವಾರ ಸಂಜೆ ಅವಳು ಸೆರಗು ಸರಿಸಿ ಕಿವಿಯಿಡುತ್ತಾಳೆ,
ಜುಜೆ ಗಡಿಯಾರ ಹಿಡಿಯುತ್ತಾನೆ, ನಾನು ಬರೆಯುತ್ತೇನೆ:
ಡೀಸೆಲ್ ಇಂಜಿನ್. ಕಡಲಹಕ್ಕಿ. ನೌಕಾನೆಲೆಯ ಸೈರನ್.
ಆಮೇಲೆ, ಗಾಳಿಯ ದಿಕ್ಕು ನಮೂದಿಸಿ, 'ಬಂದಿಲ್ಲ'.

ಹೋದ ವಾರ ಏನೋ ಕೇಳಿದವಳಂತೆ ತಟ್ಟನೆ ತಲೆಯೆತ್ತಿದಳು.
ಜುಜೆ ಗಡಿಯಾರ ನಿಲ್ಲಿಸಿಬಿಟ್ಟ.
ನಾನು ಪೆನ್ನು ಎತ್ತಿಯೇ ಇದ್ದೆ. ರಾಯ್ಕರರ ಮುಖದಲ್ಲಿ
ಹೆದರಿಕೆ ಇತ್ತು. ಆಗಿಹೋದದ್ದನ್ನು ಇಟ್ಟುಕೊಳ್ಳುವಂತಿಲ್ಲ,
ಟಿ.ಸಿ. ಬರೆಯಬೇಕು.
'ಏನಿಲ್ಲ' ಅಂದಳು. 'ಮುಂದಿನ ವಾರ ಬರ್ತೇನೆ.'

ಫೀಸು ಎಂದು ಅವಳು ಕೊಟ್ಟ ಒಣ ಸೀಗಡಿ, ಅರ್ಧ ಸೇರು,
ಯಾವ ಕಾಲಮ್ಮಿಗೆ ಸೇರಿಸಬೇಕೋ ತಿಳಿಯದೆ
ಕರಗದ ಮಂಜುಗಡ್ಡೆಯ ಕೆಳಗೆ ಬರೆದಿಟ್ಟಿದ್ದೇನೆ.
ಅದರಲ್ಲೂ ಕಾಲು ಸೇರು ಬೆಕ್ಕು ತಿಂದಿದೆ.