ಐದನೇ ಕಾಲಂ

ಪರ್ವರಿ ಗುಡ್ಡದ ಮ್ಯಾಲ ಸಚಿವಾಲಯ.
ಎರಡನೇ ಗೇಟಿನಾಗ ನಾನು, ನನ್ನ ರಿಜಿಸ್ಟರು,
ದಾರ ಕಟ್ಟಿದ ಪೆನ್ನು – ಕಟ್ಟದಿದ್ರ ಅದೂ ಒಳಗ ಹೋದದ್ದು ಹೊರಗ ಬರಂಗಿಲ್ಲ.
ಹೆಸರು, ಊರು, ಹೊತ್ತು, ಕೆಲಸ: ನಾಲ್ಕು ಕಾಲಂ.
ಕೆಲಸದ ಕೆಳಗ ಎಲ್ಲಾರದೂ ಒಂದ ಬರಹ,
'ಖಾಸಗಿ'.
ಕ್ಯಾಸಿನೊದಾಂವಂದೂ ಖಾಸಗಿ,
ಗುಡ್ಡ ಕಡಿಯಾಂವಂದೂ ಖಾಸಗಿ.
ಹನ್ನೊಂದು ವರ್ಷದಾಗ ಸರಕಾರದ ಕೆಲಸ ಅಂತ ಬಂದಾಂವ
ಒಬ್ಬನೂ ನೆನಪಿಲ್ಲ.

ಕುಲಾಸೊ ಬಾಯಿ ಬುಧವಾರ ಬರತಾರ.
ಕಾಯ್ದೆ ಕಲಿಸಿ ಕಲಿಸಿ ಕೂದಲು ಬೆಳ್ಳಗಾದಾವ್ರು,
ಪಣಜಿಯಿಂದ ಕದಂಬ ಬಸ್ಸು, ಕಂಕುಳಾಗ ಫೈಲು,
ಮಳಿ ಇರಲಿ ಬಿಡಲಿ ಛತ್ರಿ.
ಮೊದಲ ಸಲ ನನ್ನ ರಿಜಿಸ್ಟರ್ ತಿರುಗಿಸಿಕೊಂಡು
ಫೈಲಿನ ಅಂಚು ಇಟ್ಟು, ಪೆನ್ಸಿಲ್ಲಿಲೆ
ಬಲಕ್ಕ ಒಂದು ಗೆರಿ ಎಳದ್ರು.
ತಲಿಮ್ಯಾಲ ಬರದ್ರು: ಯಾರ ಪರವಾಗಿ?
ಕೆಳಗ: ನನ್ನ ಪರವಾಗಿ. ಬಸ್ಸಿನ ರೊಕ್ಕ ನಂದು.

ಹೊರಗ ಬಂದು ಮತ್ತ ಬರದ್ರು:
ಚಹಾ ಅರ್ಧ ಕಪ್ಪು. ಬಿಸ್ಕೀಟು ಮುಟ್ಟಿಲ್ಲ.

ನಾನು ನಕ್ಕೆ. ಅವರು ನಗಲಿಲ್ಲ.
ಅವರ ಕೊಂಕಣಿ ನನ್ನ ಕನ್ನಡದಾಗ ಹೀಂಗ ಕೂತದ:
'ಕೇಳೂದು ತಪ್ಪಲ್ಲ ಫಕ್ಕೀರಪ್ಪಾ.
ಬಲಿ ಎಳಿಯಾಂವನೂ ಕೇಳಲಿ, ಬಂದರ ಕಟ್ಟಾಂವನೂ ಕೇಳಲಿ,
ಮಂತ್ರಿಗೆ ಕಿವಿ ಇರೂದ ಅದಕ್ಕ.
ಆದ್ರ ಕೇಳಿದ್ದು ಕಾಣಬೇಕು.
ಊದಿದಾಂವ ಯಾರು ಅಂತ ಗೊತ್ತಿಲ್ಲದ ತುತ್ತೂರಿಗೆ
ಕಾಯ್ದೆ ಅಂತ ಹೆಸರಿಟ್ರ ಹೆಂಗ?'

ಕಮಿಟಿ ಮುಂದೂ ಇದನ್ನ ಹೇಳ್ಯಾರಂತ.
ಕಮಿಟಿ ತಲಿ ಅಲ್ಲಾಡಿಸಿತಂತ.
ಈಗ ಆ ಕಮಿಟಿ ಮ್ಯಾಲ ಇನ್ನೊಂದು ಕಮಿಟಿ ಕೂತದ.
ನಿನ್ನೆ ಹೊಸ ರಿಜಿಸ್ಟರ್ ಬಂತು, ಚಂದ ರಟ್ಟು, ಅಚ್ಚು ಹಾಕಿದ್ದು,
ನಾಲ್ಕ ಕಾಲಂ.

ರಾತ್ರಿ ಬೇತಿಯ ಖೋಲಿಯೊಳಗ
ದೀಪಾವಳಿ ಡಬ್ಬಿ ಎದುರಿಗಿತ್ತು.
ಕಾಜು ಕತಲಿ, ಅರ್ಧ ಕಿಲೊ. ಕೊಟ್ಟಾಂವನ
ನಾಲ್ಕೂ ಕಾಲಂ ನನಗ ಬಾಯಿಪಾಠ.
ಅಂವ ಬಂದಾಗೆಲ್ಲಾ ಪೆನ್ನು ನಾನ ಹಿಡದು
'ಖಾಸಗಿ' ಅಂತ ಬರದೀನಿ,
ಅವನ ಕೈಗೆ ಯಾಕ ತ್ರಾಸು ಅಂತ.
ಮಗಳು ಎರಡು ತಿಂದು ಕೇಳಿದಳು:
ಯಾರು ಕೊಟ್ಟದ್ದಪ್ಪಾ? ಯಾಕ ಕೊಟ್ರು?

ಮುಂಜಾನೆ ಅವಳ ಪಾಟಿಚೀಲದಾಗಿನ ಪಟ್ಟಿ ಒಯ್ದೀನಿ.
ಮೊದಲ ಪುಟಕ್ಕಷ್ಟ ಎಳದೀನಿ.
ಗೆರಿ ಜರಾ ಸೊಟ್ಟ ಬಂದದ.
ಕೆಳಗ ಇನ್ನೂ ಏನೂ ಬರದಿಲ್ಲ.
ಸಾಹೇಬ್ರು ನೋಡಿದ್ರ
ಮಗಳು ಆಡಿದ್ದು ಅಂತೀನೇನೋ, ಗೊತ್ತಿಲ್ಲ.
ಬುಧವಾರಕ್ಕ ಇನ್ನೂ ಎರಡು ದಿನ.