ಹಗ್ಗ ಮುಟ್ಟಿದವರ ಪಾಲು

ತಿಂಗಳ ಎಂಟಕ್ಕೆ ಮಾಜಾಳಿಯ ಗಾಬೀತವಾಡಕ್ಕೆ ಹೋಗುತ್ತೇನೆ.
ಹೆಗಲಲ್ಲಿ ಬ್ಯಾಂಕಿನ ಚೀಲ, ಚೀಲದೊಳಗೆ
ಬೆಂಕಿಪೊಟ್ಟಣದಷ್ಟು ಒಂದು ಕೆಂಪು ಕಣ್ಣು.
ಅದರ ಮೇಲೆ ಹೆಬ್ಬೆರಳಿಟ್ಟರೆ ಪಿಂಚಣಿ.
ಇಟ್ಟೂ ಅದು ಒಪ್ಪದಿದ್ದರೆ
ಮುಂದಿನ ತಿಂಗಳ ಎಂಟು.

ಧಾಕೂ ಮಾಮಾನ ಬೆರಳನ್ನು ಅದು ಮೂರು ತಿಂಗಳಿಂದ ಒಪ್ಪಿಲ್ಲ.
ಸೋಪು ಹಚ್ಚಿ ತೊಳೆದೆ, ನಿಂಬೆಹೋಳು ತಿಕ್ಕಿದೆ,
ನನ್ನ ದುಪಟ್ಟಾದಲ್ಲೇ ಒರೆಸಿ
ಕಿರುಬೆರಳಿನ ತನಕ ಹತ್ತನ್ನೂ ಇಡಿಸಿದೆ.
ಗೆರೆಯೇ ಇಲ್ಲ.
ಅಲೆ ಹಿಂದೆ ಸರಿದ ಮರಳಿನ ಹಾಗೆ ನುಣ್ಣಗೆ.

"ಗೆರೆ ಎಲ್ಲಿ ಹೋಯಿತು ಮಾಮಾ?"
"ಹಗ್ಗ ತಿಂದಿತು ಬಾಯೇ."

ಆಮೇಲೆ ರಂಪಣಿಯ ಮಾತು. ನಾನು ತಡೆಯುವುದಿಲ್ಲ,
ಮಶೀನು ಹೇಗೂ ಸುತ್ತುತ್ತಲೇ ಇರುತ್ತದೆ.

ಗುಡ್ಡದ ಮೇಲೆ ಕೂತವನು
ನೀರಿನ ಬಣ್ಣ ತಿರುಗಿದ್ದು ಕಂಡು ಪಂಚೆ ಬೀಸುತ್ತಿದ್ದನಂತೆ.
ದೋಣಿ ಬಲೆ ಬಿಡುತ್ತ ಅರ್ಧಚಂದ್ರ ಬರೆದು ಬಂದರೆ
ದಂಡೆಯಲ್ಲಿ ಎರಡು ಕೊನೆ, ಎರಡು ಸಾಲು,
ಸಾಲಿನ ಬಾಲದಲ್ಲಿ ಮುದುಕರು.
ಎಳೆಯುವುದು ಅವರಿಂದ ಆಗುತ್ತಿರಲಿಲ್ಲ,
ಎಳೆಯಲಿ ಎಂದು ಯಾರೂ ಕಾಯುತ್ತಲೂ ಇರಲಿಲ್ಲ.
ಹಗ್ಗ ಮುಟ್ಟಿದರೆ ಸಾಕು, ಪಾಲು.
ಕಣ್ಣು ಹೋದ ಆನಂದೀಬಾಯಿಯ ಕೈಗೆ
ತುದಿಯನ್ನು ತಂದು ತಾಗಿಸುತ್ತಿದ್ದರು.
"ಭಾರ ಇದೆ, ಭಾರ ಇದೆ" ಅನ್ನುತ್ತಿದ್ದಳಂತೆ ಅವಳು,
ಬಲೆಯಲ್ಲಿ ಬರೀ ಲೋಳೆಮೀನಿದ್ದ ದಿನವೂ.

"ಒಳ್ಳೆಯ ಕಾಲ, ಅಲ್ಲವೇ?"
"ಯಾರು ಹೇಳಿದ್ದು?" ಮಾಮಾ ರೇಗುತ್ತಾನೆ.
"ಬಂಗಡೆ ಬಾರದ ವರ್ಷ
ಪಾಲೆಂದು ಮರಳು ಹಂಚುತ್ತಾರೆಯೇ?
ನನ್ನ ಅಜ್ಜಿ ಅಂಥದೊಂದು ಆಷಾಢದಲ್ಲಿ
ಅಕ್ಕಿ ತೊಳೆದ ನೀರು ಕುಡಿದು
ನನಗೆ ಹಸಿವಿಲ್ಲ, ಹಸಿವಿಲ್ಲ ಅನ್ನುತ್ತಲೇ ಹೋದಳು.
ತಂಟೆಯೂ ಇತ್ತು. ಗಂಡ ಸತ್ತವಳಿಗೆ ಅರ್ಧ ಪಾಲು,
ತಾಂಡೇಲನ ಅತ್ತೆಗೆ ಒಂದೂವರೆ.
ನಿನ್ನ ಸಾವಿರದ ಇನ್ನೂರು
ಸಮುದ್ರದ ಮುಖ ನೋಡಿ ಬರುವುದಿಲ್ಲ, ಅದು ಒಳ್ಳೆಯದೇ."

ಆಮೇಲೆ ಇಂಜಿನ್ನಿನ ದೋಣಿಗಳು ಬಂದವು,
ನಡುಗಡಲಲ್ಲೇ ಬಲೆಯ ಬಾಯಿ ಬಿಗಿದವು.
ಹಗ್ಗ ದಂಡೆಗೆ ಬಾರದ ಮೇಲೆ
ಸಾಲಿಗೆ ಬಾಲ ಎಲ್ಲಿಯದು?

ಉಗುರಿನಿಂದ ಮಶೀನು ಕುಟ್ಟಿ ಕೇಳುತ್ತಾನೆ:
"ಇದರ ಇನ್ನೊಂದು ಕೊನೆ ಯಾರ ಕೈಯಲ್ಲಿದೆ?"
"ಎಲ್ಲೋ, ದೂರದ ಕಂಪ್ಯೂಟರಿನಲ್ಲಿ."
"ಮನುಷ್ಯರಿಲ್ಲವೋ?"
"ಇರಬಹುದು."
"ಎಳೆಯಲು ಹೇಳು. ಸಡಿಲವಾಗಿದೆ."

ವಿನಾಯಿತಿಗೆ ಒಂದು ಅರ್ಜಿಯಿದೆ.
ಬೆರಳು ಸವೆಯಲು ಕಾರಣ ಎಂಬಲ್ಲಿ
ನಾನು ಹಗ್ಗ ಎಂದು ಬರೆದಿದ್ದೆ.
ಕಾರವಾರದ ಕಚೇರಿಯಲ್ಲಿ ಅದನ್ನು ಹೊಡೆದುಹಾಕಿ
ವಯೋಸಹಜ ಎಂದು ತಿದ್ದಿ ಮರಳಿಸಿದ್ದಾರೆ,
ಕೆಳಗೆ ಅರ್ಜಿದಾರರ ಹೆಬ್ಬೆಟ್ಟು ಬೇಕಂತೆ, ಸ್ಪಷ್ಟವಾಗಿ.

ಇಬ್ಬರೂ ನಕ್ಕೆವು. ಇನ್ನೇನು ಮಾಡುವುದು.

ಸಂಜೆ ಬಸ್ಸಿಗೆಂದು ಹೊರಟರೆ
ಪಕ್ಕದ ಮನೆಯ ಹುಡುಗರು ಪಾತಿ ದೋಣಿಯನ್ನು
ಮರಳಿಗೆ ನೂಕುತ್ತಿದ್ದರು.
ಮಾಮಾ ಕೋಲು ಊರುತ್ತ ಹೋಗಿ
ದೋಣಿಯ ಅಂಚಿಗೆ ಅಂಗೈ ಆನಿಸಿ ನಿಂತ.
ನೂಕಲಿಲ್ಲ. ದೋಣಿ ಸರಿಯಿತು,
ಅದರ ಜೊತೆ ಕೈಯೂ ಸರಿಯಿತು.
ಕೇಳದೆ, ತೂಗದೆ,
ಅವನ ಬುಟ್ಟಿಗೆ ಮೂರು ಶೆವಟೆ ಬಿದ್ದವು.

ದಾರಿಗಡ್ಡವೆಂದು ನಾನೂ ಒಂದು ಕೈ ಕೊಟ್ಟಿದ್ದೆನೇನೋ.
ಪೇಪರಿನಲ್ಲಿ ಸುತ್ತಿ ಒಂದನ್ನು
ಹುಡುಗ ನನ್ನ ಚೀಲಕ್ಕೆ ತುರುಕಿದ.
"ಬೇಡವೋ, ಬ್ಯಾಂಕಿನ ಚೀಲ" ಅಂದೆ.
"ಮುಟ್ಟಿದ್ದೀರಲ್ಲ" ಅಂದ.

ಮನೆಗೆ ಬಂದು ಮಶೀನು ತೆಗೆದರೆ
ಗಾಜಿನ ಮೇಲೊಂದು ಹುರುಪೆ ಅಂಟಿತ್ತು.
ದೀಪಕ್ಕೆ ಹಿಡಿದೆ:
ಒಳಗೊಳಗೆ ಗೆರೆಗಳು, ವರ್ಷಕ್ಕೊಂದರಂತೆ,
ಸ್ಪಷ್ಟವಾಗಿ.